ಹೊಲದ ದಾರಿಯ ಹಕ್ಕು

ಬಿತ್ತನೆಯ ಹದ ಬಂದಿರುವಾಗ ಹೊಲದ ದಾರಿಗೆ ಮುಳ್ಳು ಬಿದ್ದರೆ ರೈತನು ಕಳೆದುಕೊಳ್ಳುವುದು ಒಂದೆರಡು ದಿನಗಳನ್ನಲ್ಲ, ಆ ವರ್ಷದ ಬೆಳೆಯನ್ನೇ. ಕಡಿದ ಕಬ್ಬು ಗದ್ದೆಯಲ್ಲಿಯೇ ಒಣಗುವುದು. ಗೊಬ್ಬರದ ಗಾಡಿಯು ಊರ ಬಳಿಯಲ್ಲಿಯೇ ನಿಲ್ಲುವುದು. ನೆರೆಯವನಾದರೋ ತನ್ನ ಪೈರಿನ ಮೇಲೆ ಚಕ್ರವು ಹರಿಯುವುದನ್ನು ನೋಡಿ ಸಹಿಸಲಾರನು. ಇಬ್ಬರ ಸಂಕಟವೂ ನಿಜವಾದುದೇ. ಆದುದರಿಂದ ಇಂಥ ವ್ಯಾಜ್ಯಗಳಲ್ಲಿ ಕಾನೂನು ಏನನ್ನು ಕೊಡುತ್ತದೆ, ಏನನ್ನು ಕೊಡುವುದಿಲ್ಲ ಎಂಬುದನ್ನು ಭೂಮಾಲೀಕರೂ ಗ್ರಾಮದ ಮುಖಂಡರೂ ಮೊದಲೇ ಅರಿತಿರುವುದು ಅವಶ್ಯಕ.

ಮೊದಲು ನೋಡತಕ್ಕದ್ದು ಗ್ರಾಮದ ನಕಾಶೆಯನ್ನು. ನಕಾಶೆಯಲ್ಲಿ ಕಾಣಿಸಿರುವ ಗಾಡಿದಾರಿಯೂ ಕಾಲುದಾರಿಯೂ ಸಾರ್ವಜನಿಕರವು. ಕರ್ನಾಟಕದ 1966ನೆಯ ಭೂಕಂದಾಯ ನಿಯಮಗಳ ಪ್ರಕಾರ, ರಸ್ತೆ ಅಥವಾ ಅಂಗೀಕೃತ ಕಾಲುದಾರಿ ಹಾದುಹೋಗುವ ನೆಲವು ‘ಬಿ’ ಖರಾಬಿನಲ್ಲಿ ಸೇರುತ್ತದೆ. ಅದು ಒಬ್ಬನ ಸರ್ವೆ ನಂಬರಿನೊಳಗೇ ಇದ್ದರೂ ಅದನ್ನು ಉತ್ತು ಹೊಲಕ್ಕೆ ಸೇರಿಸಿಕೊಳ್ಳಲು ಆತನಿಗೆ ಅಧಿಕಾರವಿಲ್ಲ. ಅಂಥ ದಾರಿಯನ್ನು ಮುಚ್ಚಿದರೆ ತಹಸೀಲ್ದಾರರಿಗೆ ಅರ್ಜಿ ಕೊಡಬೇಕು. ನಕಾಶೆಯನ್ನು ನೋಡದೆಯೇ ವಕೀಲರ ಮನೆಗೆ ಓಡುವವರು ಬಹಳ ಮಂದಿ. ಅದು ವ್ಯರ್ಥವಾದ ಖರ್ಚು.

ನಕಾಶೆಯಲ್ಲಿಲ್ಲದ ದಾರಿಯ ವಿಷಯವೇ ಕಠಿಣವಾದುದು. ಒಬ್ಬನ ಖಾಸಗಿ ಜಮೀನಿನ ಮೇಲೆ ಹಾಯ್ದು ತನ್ನ ಜಮೀನಿಗೆ ಹೋಗುವ ಹಕ್ಕಿಗೆ ಅನುಭೋಗದ ಹಕ್ಕು, ಅಥವಾ ಈಸ್‌ಮೆಂಟ್, ಎಂದು ಹೆಸರು. ಇದನ್ನು ಕುರಿತು 1882ನೆಯ ಈಸ್‌ಮೆಂಟ್ ಕಾನೂನು ಇದೆ. ಶಾಂತವಾಗಿ, ಬಹಿರಂಗವಾಗಿ, ತಡೆಯಿಲ್ಲದೆ, ತನ್ನ ಹಕ್ಕೆಂದೇ ಭಾವಿಸಿ 20 ವರ್ಷ ನಡೆದ ದಾರಿಯು ಹಕ್ಕಾಗುತ್ತದೆ. ‘ಹಕ್ಕೆಂದೇ ಭಾವಿಸಿ’ ಎಂಬ ಮಾತಿನಲ್ಲಿಯೇ ಬಹಳ ದಾವೆಗಳು ಮುಗ್ಗರಿಸುತ್ತವೆ. ನೆರೆಯವನನ್ನು ಕೇಳಿಕೊಂಡು, ಅವನ ಒಪ್ಪಿಗೆಯಿಂದ ಗಾಡಿ ಹೊಡೆದವನು ನಲವತ್ತು ವರ್ಷ ಹೊಡೆದರೂ ಅದು ಬರಿಯ ಅನುಮತಿಯೇ ಹೊರತು ಹಕ್ಕಲ್ಲ. ಇದರಿಂದ ಮನಸ್ಸು ನೋಯುವುದು ಸಹಜ; ಆದರೆ ಒಳ್ಳೆಯ ಮಾತಿಗೆ ದಾರಿ ಬಿಟ್ಟವನು ಆ ಕಾರಣದಿಂದಲೇ ನೆಲವನ್ನು ಕಳೆದುಕೊಳ್ಳುವುದು ನ್ಯಾಯವಲ್ಲವಷ್ಟೆ.

ಕಾಲದ ಲೆಕ್ಕವೂ ಇಲ್ಲಿ ಕಟ್ಟುನಿಟ್ಟು. ಆ 20 ವರ್ಷವು ದಾವೆ ಹೂಡುವುದಕ್ಕೆ ಹಿಂದಿನ ಎರಡು ವರ್ಷದೊಳಗೆ ಮುಗಿದಿರಬೇಕು. ದಾರಿಗೆ ಬೇಲಿ ಹಾಕಿದ್ದು ತಿಳಿದ ಮೇಲೂ ಒಂದು ವರ್ಷ ಅದಕ್ಕೆ ಒಪ್ಪಿ ಸುಮ್ಮನಿದ್ದರೆ ಅನುಭೋಗವು ತುಂಡಾಯಿತೆಂದು ಕಾನೂನು ಎಣಿಸುತ್ತದೆ. ‘ಬರುವ ಸುಗ್ಗಿಗೆ ನೋಡೋಣ’ ಎಂದು ಎರಡು ಸುಗ್ಗಿಗಳನ್ನು ಕಳೆದವರು ತಮ್ಮ ಹಕ್ಕಿಗೆ ತಾವೇ ಕೊಡಲಿ ಹಾಕಿಕೊಂಡಂತೆ.

ಇನ್ನೊಂದು ಬಗೆಯ ಹಕ್ಕು ಹಿಸ್ಸೆಯಿಂದ ಹುಟ್ಟುವುದು. ಅಣ್ಣತಮ್ಮಂದಿರು ನಾಲ್ಕು ಎಕರೆ ಜಮೀನನ್ನು ಎರಡು ಭಾಗ ಮಾಡಿಕೊಂಡರೆಂದು ಇಟ್ಟುಕೊಳ್ಳೋಣ. ರಸ್ತೆಯ ಬದಿಯ ಭಾಗವು ಅಣ್ಣನಿಗೆ ಬಂದಿತು. ಒಳಗಿನ ಭಾಗವು ತಮ್ಮನಿಗೆ. ತಮ್ಮನಿಗೆ ಅಣ್ಣನ ನೆಲದ ಮೇಲಲ್ಲದೆ ಬೇರೆ ದಾರಿಯೇ ಇಲ್ಲ. ಹೀಗಿರುವಲ್ಲಿ 20 ವರ್ಷ ಕಾಯಬೇಕಾಗಿಲ್ಲ. ಅನಿವಾರ್ಯತೆಯಿಂದಲೇ ಹಕ್ಕು ಬರುತ್ತದೆ. ದಾರಿಯು ಎಲ್ಲಿರಬೇಕೆಂದು ಗೊತ್ತುಮಾಡುವವನು ಅಣ್ಣನು. ಆದರೆ ಅದು ತಮ್ಮನಿಗೆ ತಕ್ಕಷ್ಟು ಅನುಕೂಲವಾಗಿರಬೇಕು. ಅಣ್ಣನು ತೋರಿಸಲೊಲ್ಲದೆ ಹೋದರೆ ತಮ್ಮನೇ ಗೊತ್ತುಮಾಡಿಕೊಳ್ಳಬಹುದು. ಸುತ್ತಾದರೂ ಬೇರೆ ದಾರಿಯಿದ್ದರೆ ಮಾತ್ರ ಈ ಹಕ್ಕು ನಿಲ್ಲುವುದಿಲ್ಲ. ಮುಂದೆ ತಮ್ಮನಿಗೆ ಇನ್ನೊಂದು ದಾರಿ ದೊರೆತರೆ ಅನಿವಾರ್ಯತೆಯೊಡನೆ ಹಕ್ಕೂ ಮುಗಿಯುತ್ತದೆ.

ಹಕ್ಕು ಇದ್ದರೂ ಅದಕ್ಕೆ ಮಿತಿಯುಂಟು. ಕಾಲುದಾರಿಯ ಹಕ್ಕಿನಲ್ಲಿ ಗಾಡಿದಾರಿಯು ಅಡಕವಾಗಿಲ್ಲ. ಹಿಂದೆ ಜೋಡೆತ್ತಿನ ಗಾಡಿ ಹೋಗುತ್ತಿದ್ದ ದಾರಿಯಲ್ಲಿ ಈಗ ಟ್ರಾಕ್ಟರು ಹೋಗಬಹುದೇ ಎಂಬುದು ಈಚಿನ ಜಗಳ. ನೆರೆಯವನ ಮೇಲೆ ಹೊಸ ಭಾರ ಬೀಳದಿದ್ದರೆ ಅನುಭೋಗದ ರೀತಿಯನ್ನು ಬದಲಿಸಬಹುದು; ಬದುವು ಕುಸಿದು ಪೈರು ತುಳಿತಕ್ಕೆ ಸಿಕ್ಕುವಂತಿದ್ದರೆ ವಾದವು ಎದುರುಪಕ್ಷಕ್ಕೆ ಬಲವಾಗುತ್ತದೆ. ದಾರಿಯನ್ನು ಒಂದು ಕೊನೆಯಿಂದ ಹೊಕ್ಕು ಇನ್ನೊಂದು ಕೊನೆಯಿಂದ ಹೊರಡಬೇಕು. ನಡುವೆ ಬೇಕಾದಲ್ಲಿ ಹೊಲಕ್ಕೆ ಇಳಿಯುವಂತಿಲ್ಲ. ದಾರಿಯ ದುರಸ್ತಿಯ ಖರ್ಚು ಅದರಲ್ಲಿ ನಡೆಯುವವನದೇ.

ಬೇಲಿ ಹಾಕಿದರೆಂದು ರಾತ್ರಿಯಲ್ಲಿ ಹೋಗಿ ಅದನ್ನು ಕಿತ್ತೆಸೆಯುವುದು ಹಳ್ಳಿಗಳಲ್ಲಿ ಪೌರುಷವೆನಿಸಿದೆ. ಅನುಭೋಗದ ಹಕ್ಕುಳ್ಳವನು ಅಡಚಣೆಯನ್ನು ತಾನೇ ತೆಗೆಯಕೂಡದೆಂದು ಅದೇ ಕಾನೂನು ಸ್ಪಷ್ಟವಾಗಿ ಹೇಳಿದೆ. ಅವನು ಸಿವಿಲ್ ನ್ಯಾಯಾಲಯದಲ್ಲಿ ಹಕ್ಕಿನ ಘೋಷಣೆಯನ್ನೂ ತಡೆಯಾಜ್ಞೆಯನ್ನೂ ಬೇಡಬೇಕು. ಬಡಿದಾಟವಾಗುವ ಭಯವಿದ್ದಲ್ಲಿ 2023ನೆಯ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 166ನೆಯ ಕಲಮಿನಂತೆ ಕಾರ್ಯನಿರ್ವಾಹಕ ಮ್ಯಾಜಿಸ್ಟ್ರೇಟರು ವಿಚಾರಿಸಬಹುದು. ವರ್ಷವಿಡೀ ನಡೆಯುವ ದಾರಿಯಾದರೆ ವಿಚಾರಣೆಗೆ ಮೊದಲು ಮಾಹಿತಿ ತಲುಪಿದ ದಿನದಿಂದ ಹಿಂದಿನ ಮೂರು ತಿಂಗಳಲ್ಲಿ ನಡೆದಿರಬೇಕು. ಸುಗ್ಗಿಯಲ್ಲಿ ಮಾತ್ರ ನಡೆಯುವುದಾದರೆ ಹಿಂದಿನ ಸುಗ್ಗಿಯಲ್ಲಿ ನಡೆದಿರಬೇಕು.

ನ್ಯಾಯಾಲಯದಲ್ಲಿ ಕಂದಾಯದ ರಸೀದಿಯು ದಾರಿಯನ್ನು ಸಾಧಿಸಿಕೊಡುವುದಿಲ್ಲ. ಹಳೆಯ ಕ್ರಯಪತ್ರದ ಚಕ್ಕುಬಂದಿಯಲ್ಲಿ ‘ಪೂರ್ವಕ್ಕೆ ಗಾಡಿದಾರಿ’ ಎಂಬ ಎರಡು ಪದಗಳಿದ್ದರೆ ಹತ್ತು ಸಾಕ್ಷಿಗಳಿಗಿಂತ ಮೇಲು. ಆದುದರಿಂದ ವಿಭಾಗಪತ್ರವನ್ನು ಬರೆಯುವಾಗಲೇ ದಾರಿಯ ಅಗಲ, ಆರಂಭ, ಅಂತ್ಯ, ಅದರಲ್ಲಿ ಯಾವ ಯಾವ ವಾಹನ ಹೋಗಬಹುದು ಎಂಬುದನ್ನು ನಮೂದಿಸತಕ್ಕದ್ದು. ಬೇಸಗೆಯಲ್ಲಿ ಹೊಲವು ಖಾಲಿಯಿರುವಾಗ ಇಬ್ಬರೂ ನಿಂತು ಅಳೆದು ಎರಡು ಕೊನೆಗಳಲ್ಲಿಯೂ ಕಲ್ಲು ನೆಟ್ಟು, ನಕ್ಷೆಯನ್ನು ಪತ್ರಕ್ಕೆ ಸೇರಿಸಿ ಸಬ್ ರಿಜಿಸ್ಟ್ರಾರರ ಕಚೇರಿಯಲ್ಲಿ ನೋಂದಾಯಿಸಬೇಕು.