ಪೋಷಕ ನಟಿ ಜೊಹ್ರಾ ಸೆಹಗಲ್

ನಾಟಕವಾಗಲಿ ಚಲನಚಿತ್ರವಾಗಲಿ ನಾಯಕ ನಾಯಕಿಯರಿಂದ ಮಾತ್ರ ನಡೆಯುವುದಿಲ್ಲ. ಮನೆಯ ಅಜ್ಜಿ, ನೆರೆಮನೆಯ ಹೆಂಗಸು, ಜಗಳಗಂಟಿ ಅತ್ತೆ ಮೊದಲಾದವರು ಬಂದು ನಾಲ್ಕು ಮಾತನಾಡಿ ಹೋದಾಗಲೇ ಕಥೆಗೆ ಜೀವ ತುಂಬುವುದು. ಇಂತಹ ಪಾತ್ರಗಳನ್ನು ವಹಿಸುವವರನ್ನು ಪೋಷಕ ನಟರೆನ್ನುತ್ತೇವೆ. ಭಿತ್ತಿಪತ್ರಗಳಲ್ಲಿ ಅವರ ಹೆಸರು ಚಿಕ್ಕ ಅಕ್ಷರಗಳಲ್ಲಿರುತ್ತದೆ. ಎಷ್ಟೋ ಸಲ ಇರುವುದೇ ಇಲ್ಲ. ಜೊಹ್ರಾ ಸೆಹಗಲ್ ತಮ್ಮ ದೀರ್ಘ ಬಾಳಿನ ಬಹುಭಾಗವನ್ನು ಈ ಚಿಕ್ಕ ಅಕ್ಷರಗಳಲ್ಲಿಯೇ ಕಳೆದರು.

ಜೊಹ್ರಾ 1912ರ ಏಪ್ರಿಲ್ 27ರಂದು ಇಂದಿನ ಉತ್ತರ ಪ್ರದೇಶದ ಸಹಾರನ್‌ಪುರದಲ್ಲಿ, ಪಠಾಣ ಮನೆತನವೊಂದರಲ್ಲಿ ಜನಿಸಿದರು. ಹೆಣ್ಣುಮಕ್ಕಳು ಪರದೆಯ ಮರೆಯಲ್ಲಿರುವುದು ಆ ಕಾಲದ ರೂಢಿ. ಲಾಹೋರಿನಲ್ಲಿ ವ್ಯಾಸಂಗ ಮುಗಿಸಿದ ಈ ಹುಡುಗಿ ಸೋದರಮಾವನೊಡನೆ ಮೋಟಾರು ಕಾರಿನಲ್ಲಿ ಇರಾನಿನ ಮಾರ್ಗವಾಗಿ ಈಜಿಪ್ಟನ್ನು ತಲುಪಿ, ಅಲ್ಲಿಂದ ಹಡಗನ್ನೇರಿ ಯೂರೋಪಿಗೆ ಹೋದಳೆಂದರೆ ಅಂದಿನವರು ಎಷ್ಟು ಬೆರಗಾಗಿರಬೇಕು! ಜರ್ಮನಿಯ ಡ್ರೆಸ್ಡನ್ ನಗರದಲ್ಲಿ ಮೇರಿ ವಿಗ್‌ಮನ್ ಅವರ ಶಾಲೆಯಲ್ಲಿ ಮೂರು ವರ್ಷ ನೃತ್ಯಾಭ್ಯಾಸ ಮಾಡಿದರು. 1935ರಲ್ಲಿ ಉದಯಶಂಕರರ ತಂಡವನ್ನು ಸೇರಿ ದೇಶ ವಿದೇಶಗಳನ್ನು ಸುತ್ತಿದರು. ಅಲ್ಮೋರದಲ್ಲಿದ್ದ ಅವರ ಕೇಂದ್ರದಲ್ಲಿ ಶಿಕ್ಷಕಿಯೂ ಆದರು. ಅಲ್ಲಿ ಪರಿಚಿತರಾದ ಕಾಮೇಶ್ವರ ಸೆಹಗಲ್ಲರನ್ನು 1942ರಲ್ಲಿ ವಿವಾಹವಾದರು.

1945ರಲ್ಲಿ ಅವರು ಮುಂಬಯಿಯಲ್ಲಿ ಪೃಥ್ವೀರಾಜ ಕಪೂರರ ಪೃಥ್ವಿ ಥಿಯೇಟರ್ಸ್ ಸೇರಿದರು. ಅಲ್ಲಿ ದುಡಿದದ್ದು ಹದಿನಾಲ್ಕು ವರ್ಷ. ಸಂಬಳ ತಿಂಗಳಿಗೆ ನಾನೂರು ರೂಪಾಯಿ. ಅವರ ತಂಗಿ ಉಜ್ರಾ ಕೂಡ ಅದೇ ತಂಡದಲ್ಲಿದ್ದರು. ನಾಯಕಿಯ ಪಾತ್ರಗಳು ಬಹುಮಟ್ಟಿಗೆ ತಂಗಿಯ ಪಾಲಿಗೆ ಬಂದವು. ಅಕ್ಕನಿಗೆ ನೃತ್ಯ ನಿರ್ದೇಶನದ ಹೊಣೆ, ಜೊತೆಗೆ ಇತರ ಪಾತ್ರಗಳು. ಒಂದೇ ರಂಗಮಂಟಪದ ಮೇಲೆ ತಂಗಿ ಚಪ್ಪಾಳೆ ಗಿಟ್ಟಿಸುವಾಗ ಬದಿಯಲ್ಲಿ ನಿಲ್ಲುವುದು ಸುಲಭವಲ್ಲ. ನೋವಾಗಲಿಲ್ಲವೆಂದು ನಾವು ಹೇಳಲಾರೆವು. ಆದರೂ ಅವರು ತಂಡವನ್ನು ಬಿಡಲಿಲ್ಲ.

1959ರಲ್ಲಿ ಪತಿ ತೀರಿಕೊಂಡರು. ಇಬ್ಬರು ಮಕ್ಕಳ ಭಾರ ಜೊಹ್ರಾ ಅವರ ಮೇಲೆ ಬಿತ್ತು. ದೆಹಲಿಯಲ್ಲಿ ಕೆಲಕಾಲವಿದ್ದು, 1962ರಲ್ಲಿ ವಿದ್ಯಾರ್ಥಿವೇತನವೊಂದನ್ನು ಪಡೆದು ಲಂಡನ್ನಿಗೆ ತೆರಳಿದರು. ಆಗ ಅವರಿಗೆ ಐವತ್ತು ವರ್ಷ. ಭಾರತೀಯ ಮುಖಕ್ಕೆ ಇಂಗ್ಲಿಷ್ ರಂಗಭೂಮಿಯಲ್ಲಿ ಎಷ್ಟು ಪಾತ್ರಗಳಿದ್ದಾವು? ಹೊಟ್ಟೆಪಾಡಿಗಾಗಿ ಓಲ್ಡ್ ವಿಕ್ ರಂಗಮಂದಿರದಲ್ಲಿ ಇತರ ನಟನಟಿಯರಿಗೆ ಉಡುಪು ತೊಡಿಸುವ ಕೆಲಸವನ್ನೂ ಮಾಡಿದರು. ಜಗತ್ತನ್ನು ಸುತ್ತಿ ಕುಣಿದು ಬಂದ ಕಲಾವಿದೆಯ ಕೈಯಲ್ಲಿ ಈಗ ಪರರ ಉಡುಪು! ಇದರ ನಡುವೆಯೇ ಬಿ.ಬಿ.ಸಿ. ದೂರದರ್ಶನದ ‘ಡಾಕ್ಟರ್ ಹೂ’ ಧಾರಾವಾಹಿಯಲ್ಲಿ 1965ರಲ್ಲಿ ಒಂದು ಸಣ್ಣ ಪಾತ್ರ ದೊರೆಯಿತು. ಅನಂತರ ಇನ್ನೂ ಕೆಲವು.

1984ರಲ್ಲಿ ‘ದ ಜ್ಯುಯೆಲ್ ಇನ್ ದ ಕ್ರೌನ್’ ಎಂಬ ದೂರದರ್ಶನ ಧಾರಾವಾಹಿ ಪ್ರಸಾರವಾಯಿತು. ಬ್ರಿಟಿಷ್ ಆಳ್ವಿಕೆಯ ಕೊನೆಗಾಲದ ಭಾರತ ಅದರ ವಸ್ತು. ಅದರಲ್ಲಿ ಲೇಡಿ ಚಟರ್ಜಿಯಾಗಿ ಬಂದ ಜೊಹ್ರಾ ಅವರನ್ನು ಜನ ಗುರುತಿಸಿದರು. ಎಪ್ಪತ್ತೆರಡನೆಯ ವಯಸ್ಸಿನಲ್ಲಿ! ಮರುವರ್ಷ ‘ತಂದೂರಿ ನೈಟ್ಸ್’ ಎಂಬ ಹಾಸ್ಯ ಧಾರಾವಾಹಿ. ತೊಂಬತ್ತರ ದಶಕದಲ್ಲಿ ತಾಯ್ನಾಡಿಗೆ ಮರಳಿದ ಮೇಲಂತೂ ಹಿಂದೀ ಚಿತ್ರಗಳಿಗೆ ಅವರೇ ಅಜ್ಜಿ. ಅವರ ಅಜ್ಜಿಯರು ಕಣ್ಣೀರಿಡುತ್ತ ಮೂಲೆಯಲ್ಲಿ ಕೂರುವವರಲ್ಲ, ತುಂಟರು, ಬಾಯಾಳಿಗಳು. 2007ರಲ್ಲಿ ‘ಚೀನಿ ಕಮ್’ ಚಿತ್ರದಲ್ಲಿ ಅವರು ಅಮಿತಾಭ್ ಬಚ್ಚನ್ನರ ತಾಯಿಯಾಗಿ ನಟಿಸಿದಾಗ ಅವರ ವಯಸ್ಸು ತೊಂಬತ್ತೈದು. 2010ರಲ್ಲಿ ಪದ್ಮವಿಭೂಷಣ ಪ್ರಶಸ್ತಿ ಬಂದಿತು. 2014ರ ಜುಲೈ 10ರಂದು, ನೂರ ಎರಡು ವರ್ಷ ತುಂಬಿದ್ದ ಅವರು ದೆಹಲಿಯಲ್ಲಿ ನಿಧನರಾದರು.

ಒಂದು ಸಂಗತಿಯನ್ನು ಹೇಳುವುದು ಉಳಿದಿದೆ. ತಂಗಿ ಉಜ್ರಾ ಅರುವತ್ತರ ದಶಕದಲ್ಲಿ ಪಾಕಿಸ್ತಾನಕ್ಕೆ ಹೋಗಿ ನೆಲಸಿದ್ದರು. ಅಕ್ಕತಂಗಿಯರ ನಡುವೆ ಗಡಿ ಬಿದ್ದಿತ್ತು. 1993ರಲ್ಲಿ ಲಾಹೋರಿನಲ್ಲಿ ‘ಏಕ್ ಥಿ ನಾನಿ’ ಎಂಬ ನಾಟಕ ರಂಗಕ್ಕೆ ಬಂದಿತು. ಅದನ್ನು ರಚಿಸಿದ್ದು ಈ ಇಬ್ಬರ ಬಾಳನ್ನೇ ಆಧರಿಸಿ. ಜೊಹ್ರಾ ಹುಡುಗಿಯಾಗಿದ್ದಾಗ ಓದಿದ್ದ ಅದೇ ಊರಿನಲ್ಲಿ ಎಂಬತ್ತು ದಾಟಿದ ಅಕ್ಕನೂ ಎಪ್ಪತ್ತು ದಾಟಿದ ತಂಗಿಯೂ ಒಂದೇ ರಂಗವನ್ನೇರಿದರು. ಈ ಸಲ ಇಬ್ಬರೂ ನಾಯಕಿಯರೇ.