ನಂಗಲಿ: ಮೂಡಣ ಗಡಿಯ ಊರು



ಮುಳಬಾಗಿಲು ಎಂದರೆ ಮೂಡಲ ಬಾಗಿಲು. ಆ ಬಾಗಿಲಿನ ಹೊಸ್ತಿಲು ನಮ್ಮ ನಂಗಲಿ. ಇಲ್ಲಿಂದ ಪಲಮನೇರು ದಾಟಿದರೆ ದಾರಿ ಘಟ್ಟ ಇಳಿದು ಚಿತ್ತೂರು ಸೇರುತ್ತದೆ. ಕೆಳನಾಡಿನಿಂದ ಬರುವ ದಂಡಿಗೂ ಗಾಡಿಗೂ ಇದು ಹೆದ್ದಾರಿ. ಆದ್ದರಿಂದಲೇ ಅರಸರಿಗೆ ಈ ಊರಿನ ಮೇಲೆ ಕಣ್ಣು.

11ನೆಯ ಶತಮಾನದ ಚೋಳ ಅರಸು ಕುಲೋತ್ತುಂಗನು ಚಾಲುಕ್ಯ ವಿಕ್ರಮಾದಿತ್ಯನನ್ನು ನಂಗಲಿಯಿಂದ ತುಂಗಭದ್ರೆಯವರೆಗೆ ಅಟ್ಟಿದೆನೆಂದು ಶಾಸನ ಬರೆಸಿದ್ದಾನೆ. ಚಾಲುಕ್ಯರ ಕಡೆಯವರು ಗೆದ್ದವರು ತಾವೇ ಎನ್ನುತ್ತಾರೆ, ಅದು ಬೇರೆ ಮಾತು. 12ನೆಯ ಶತಮಾನದಲ್ಲಿ ಹೊಯ್ಸಳ ವಿಷ್ಣುವರ್ಧನನು ತಲಕಾಡು, ಕೊಂಗು, ನಂಗಲಿಗಳನ್ನು ಗೆದ್ದವನೆಂದು ಬಿರುದು ಧರಿಸಿದನು. ಅವನ ರಾಜ್ಯದ ಮೂಡಲ ಎಲ್ಲೆ ನಂಗಲಿ ಘಟ್ಟ. ಇಂದಿಗೂ ರಾಜ್ಯದ ಗಡಿ ಇಲ್ಲೇ.

ಆವನಿಯಲ್ಲಿ ನೊಳಂಬರ ಕಾಲದ ಗುಡಿಗಳಿವೆ, ಕುರುಡುಮಲೆಯಲ್ಲಿ ಸೋಮೇಶ್ವರ ಗುಡಿ ಇದೆ. ಗುಡಿ ನೋಡಲು ಜನ ಹೋಗುತ್ತಾರೆ. ಹೊಲದ ಕಲ್ಲನ್ನು ಕೇಳುವವರಿಲ್ಲ. ರೈಸ್ ಸಾಹೇಬರು ಕೋಲಾರ ಜಿಲ್ಲೆಯ ಶಾಸನಗಳನ್ನು 1905ರಲ್ಲಿ ಅಚ್ಚು ಹಾಕಿಸಿದರು. ಆ ಪುಸ್ತಕಕ್ಕೆ ಸಿಗದ ಕಲ್ಲು ಇನ್ನೂ ನಿಮ್ಮ ಬದುವಿನಲ್ಲಿ ಇರಬಹುದು. ನೇಗಿಲಿಗಾಗಲಿ ಟ್ರಾಕ್ಟರಿಗಾಗಲಿ ಅಕ್ಷರದ ಕಲ್ಲು, ವೀರಗಲ್ಲು ತಗುಲಿದರೆ ಒಡೆಯಬೇಡಿ, ಬಟ್ಟೆ ಒಗೆಯುವ ಹಾಸುಗಲ್ಲು ಮಾಡಬೇಡಿ, ಅಡಿಯಲ್ಲಿ ನಿಧಿ ಇದೆಯೆಂದು ಅಗೆಯಬೇಡಿ. ಇದ್ದಲ್ಲೇ ಬಿಟ್ಟು ತಹಸೀಲ್ದಾರರ ಕಚೇರಿಗೆ ತಿಳಿಸಿರಿ.