ಟಯರ್ ಸೆನ್ಸರ್: ಮನೆಯಂಗಳದಲ್ಲೇ ಮರುಜೋಡಿಸುವ ಬಗೆ

ಟಯರ್ ಬದಲಿಸಿದ ಮೇಲೆ ಡ್ಯಾಶ್‌ಬೋರ್ಡಿನ ಹಳದಿ ದೀಪ ಆರುತ್ತಿಲ್ಲವೇ? ಹೆಚ್ಚಿನ ಎಸ್‌ಯುವಿಗಳಲ್ಲಿ ಅದನ್ನು ನೀವೇ ಸರಿಪಡಿಸಬಹುದು. ಆದರೆ ಮೊದಲು ಗಾಳಿ, ಆಮೇಲೆ ಗುಂಡಿ.

ಹೊಸ ಎಸ್‌ಯುವಿಗಳಲ್ಲಿ ಹಲವಕ್ಕೆ ಟಯರಿನೊಳಗಿನ ಗಾಳಿಯ ಒತ್ತಡದ ಮೇಲೆ ಕಣ್ಣಿಡುವ ವ್ಯವಸ್ಥೆ ಇರುತ್ತದೆ. ಗಾಳಿ ಕಡಿಮೆಯಾದರೆ ಡ್ಯಾಶ್‌ಬೋರ್ಡಿನಲ್ಲಿ ಟಯರಿನ ಅಡ್ಡಸೀಳಿಕೆಯಂಥ ಚಿತ್ರ, ಅದರ ನಡುವೆ ಆಶ್ಚರ್ಯಸೂಚಕ ಚಿಹ್ನೆ ಹಳದಿ ಬಣ್ಣದಲ್ಲಿ ಬೆಳಗುತ್ತದೆ. ಹೊಸ ಟಯರ್ ಹಾಕಿಸಿದಾಗ, ಅಲಾಯ್ ಚಕ್ರ ಬದಲಿಸಿದಾಗ, ಮುಂದಿನ ಚಕ್ರ ಹಿಂದಕ್ಕೆ ಹಾಕಿದಾಗ ಈ ದೀಪ ಬಿಡದೆ ಹೊತ್ತಿಕೊಳ್ಳುವುದುಂಟು. ನಮ್ಮ ಕುಂದಾಪುರದ ಕಡೆ ಕೆಲವರು ಅದಕ್ಕೆಂದೇ ವರ್ಕ್‌ಶಾಪ್ ಹುಡುಕಿ ಉಡುಪಿಗೋ ಮಂಗಳೂರಿಗೋ ಗಾಡಿ ಓಡಿಸುತ್ತಾರೆ. ಇನ್ನು ಕೆಲವರು ‘ಸೆನ್ಸರ್ ಹಾಳಾಗಿದೆ’ ಎಂದುಕೊಂಡು ದೀಪ ನೋಡುವುದನ್ನೇ ಬಿಡುತ್ತಾರೆ. ಮೊದಲನೆಯದು ಎಷ್ಟೋ ಸಲ ಅನಗತ್ಯ, ಎರಡನೆಯದು ಅಪಾಯ.

ನಮ್ಮ ಕಡೆಗೆ ಈ ದೀಪ ಏಕೆ ಮುಖ್ಯ ಎಂಬುದಕ್ಕೆ ನಮ್ಮ ರಸ್ತೆಗಳೇ ಉತ್ತರ. ಮಳೆಗಾಲದಲ್ಲಿ ರಾಷ್ಟ್ರೀಯ ಹೆದ್ದಾರಿ 66ರ ಮೇಲೆ ನೀರು ನಿಲ್ಲುತ್ತದೆ. ಗಾಳಿ ಕಡಿಮೆಯಿರುವ ಟಯರ್ ಆ ನೀರನ್ನು ಸರಿಯಾಗಿ ಬದಿಗೆ ತಳ್ಳಲಾರದು; ವೇಗದಲ್ಲಿದ್ದರೆ ಗಾಡಿ ನೀರಿನ ಮೇಲೆಯೇ ತೇಲಿದಂತೆ ಜಾರುತ್ತದೆ, ಬ್ರೇಕಿಗೂ ಸ್ಟೇರಿಂಗಿಗೂ ಹಿಡಿತ ಸಿಗುವುದಿಲ್ಲ. ಕುಂದಾಪುರದಿಂದ ಸಿದ್ದಾಪುರ, ಹೊಸಂಗಡಿ ದಾಟಿ ಹುಲಿಕಲ್ ಘಾಟಿ ಹತ್ತುವಾಗ, ಬೈಂದೂರಿನಿಂದ ಕೊಲ್ಲೂರು ಮಾರ್ಗವಾಗಿ ನಾಗೋಡಿಗೆ ಏರುವಾಗ, ಬ್ರಹ್ಮಾವರದಿಂದ ಹೆಬ್ರಿಗೆ ಹೋಗಿ ಆಗುಂಬೆಯ ತಿರುವು ಹಿಡಿಯುವಾಗ ಭಾರವೆಲ್ಲ ಒಂದೊಂದು ತಿರುವಿನಲ್ಲಿ ಒಂದೊಂದು ಬದಿಯ ಟಯರಿನ ಮೇಲೆ ಬೀಳುತ್ತದೆ. ಗಾಳಿ ಕಡಿಮೆಯಿದ್ದರೆ ಟಯರಿನ ಪಕ್ಕೆ ಮಡಚಿ ಮಡಚಿ ಕಾದು, ಕೊನೆಗೆ ಸಿಡಿಯಲೂಬಹುದು.

ಅಮೆರಿಕದಲ್ಲಿ ಫೋರ್ಡ್ ಎಕ್ಸ್‌ಪ್ಲೋರರ್ ಎಸ್‌ಯುವಿಗಳಲ್ಲಿ ಫೈರ್‌ಸ್ಟೋನ್ ಟಯರುಗಳ ಮೇಲ್ಪದರ ಕಳಚಿ ಜೀವಹಾನಿಯಾದ ಮೇಲೆ, 2000ದಲ್ಲಿ ಬಂದ ಕಾನೂನಿನಿಂದ ಟಯರಿನ ಒತ್ತಡ ಗಮನಿಸುವ ಈ ವ್ಯವಸ್ಥೆ ಅಲ್ಲಿ ಕಡ್ಡಾಯವಾಗುತ್ತ ಬಂತು. ಯುರೋಪಿನಲ್ಲಿ 2014ರ ನವೆಂಬರ್‌ನಿಂದ ಎಲ್ಲ ಹೊಸ ಕಾರುಗಳಿಗೂ ಕಡ್ಡಾಯ. ಭಾರತದಲ್ಲಿ 2020ರ ತಿದ್ದುಪಡಿಯ ಪ್ರಕಾರ, ಟ್ಯೂಬ್‌ಲೆಸ್ ಟಯರ್, ಪಂಕ್ಚರ್ ಕಿಟ್ ಮತ್ತು ಈ ವ್ಯವಸ್ಥೆ ಇರುವ ಕಾರಿಗೆ ಸ್ಟೆಪ್ನಿ ಕೊಡಲೇಬೇಕೆಂದಿಲ್ಲ. ಸ್ಟೆಪ್ನಿಯಿಲ್ಲದ ಗಾಡಿಯ ಮಾಲೀಕರಿಗೆ ಸೆನ್ಸರ್ ಸರಿಯಿರುವುದು ಇನ್ನಷ್ಟು ಅಗತ್ಯ.

ಹಂತ 1: ನಿಮ್ಮ ಗಾಡಿಯಲ್ಲಿರುವುದು ಯಾವ ಬಗೆ?

ಈ ವ್ಯವಸ್ಥೆಯಲ್ಲಿ ಎರಡು ಬಗೆ. ಮೊದಲನೆಯದು ನೇರ ಬಗೆ. ಪ್ರತಿ ಚಕ್ರದೊಳಗೆ, ವಾಲ್ವಿನ ಬುಡದಲ್ಲಿ, ಬ್ಯಾಟರಿಯಿರುವ ಪುಟ್ಟ ಸೆನ್ಸರ್ ಕೂತಿರುತ್ತದೆ. ಅದು ಒತ್ತಡ ಮತ್ತು ಬಿಸಿಯನ್ನು ಅಳೆದು ರೇಡಿಯೊ ಮೂಲಕ ಗಾಡಿಗೆ ತಿಳಿಸುತ್ತದೆ. ಹ್ಯುಂಡೈ ಕ್ರೆಟಾ, ಕಿಯಾ ಸೆಲ್ಟೋಸ್, ಎಂಜಿ ಹೆಕ್ಟರ್, ಮಹೀಂದ್ರ ಎಕ್ಸ್‌ಯುವಿ700 ಮೊದಲಾದವುಗಳ ಮೇಲ್ದರ್ಜೆಯ ಮಾದರಿಗಳಲ್ಲಿ ಇದು ಇರುತ್ತದೆ.

ಎರಡನೆಯದು ಪರೋಕ್ಷ ಬಗೆ. ಸ್ಕೋಡಾ ಕುಶಾಕ್, ಫೋಕ್ಸ್‌ವ್ಯಾಗನ್ ಟೈಗುನ್ ಇದಕ್ಕೆ ಉದಾಹರಣೆ. ಇಲ್ಲಿ ಟಯರಿನೊಳಗೆ ಏನೂ ಇರುವುದಿಲ್ಲ. ಗಾಳಿ ಇಳಿದ ಟಯರಿನ ಸುತ್ತಳತೆ ತುಸು ಕುಗ್ಗಿ, ಅದು ಉಳಿದವಕ್ಕಿಂತ ವೇಗವಾಗಿ ತಿರುಗುತ್ತದೆ. ಎಬಿಎಸ್ ಬ್ರೇಕಿನ ಸೆನ್ಸರುಗಳು ಆ ವ್ಯತ್ಯಾಸವನ್ನು ಹಿಡಿಯುತ್ತವೆ.

ಗುರುತಿಸುವುದು ಸುಲಭ. ಪರದೆಯಲ್ಲಿ ನಾಲ್ಕು ಚಕ್ರಕ್ಕೂ ಬೇರೆಬೇರೆ ಅಂಕಿ ಕಂಡರೆ ನೇರ ಬಗೆ. ಅಂಕಿಯಿಲ್ಲದೆ ಎಚ್ಚರಿಕೆ ಮಾತ್ರ ಬಂದು, ಮೆನುವಿನಲ್ಲಿ ‘ಸೆಟ್’ ಅಥವಾ ‘ರೀಸೆಟ್’ ಇದ್ದರೆ ಬಹುತೇಕ ಪರೋಕ್ಷ ಬಗೆ. ಒಂದೇ ಹೆಸರಿನ ಗಾಡಿಯಲ್ಲೂ ವರ್ಷ ಮತ್ತು ಮಾದರಿ ನೋಡಿ ಇದು ಬದಲಾಗುವುದರಿಂದ ಮಾಲೀಕರ ಕೈಪಿಡಿಯನ್ನು ಒಮ್ಮೆ ತೆರೆದು ನೋಡಿ.

ಹಂತ 2: ದೀಪ ಏನು ಹೇಳುತ್ತಿದೆ?

ದೀಪ ಹೊತ್ತಿ ಹಾಗೆಯೇ ಉಳಿದರೆ ಯಾವುದೋ ಟಯರಿನಲ್ಲಿ ಗಾಳಿ ಕಡಿಮೆ ಇದೆ ಎಂದರ್ಥ. ಗಾಡಿ ಶುರು ಮಾಡಿದಾಗ ಒಂದು ನಿಮಿಷದಷ್ಟು ಹೊತ್ತು ಮಿಟುಕಿ, ಆಮೇಲೆ ನಿಂತು ಬೆಳಗಿದರೆ ವ್ಯವಸ್ಥೆಯಲ್ಲೇ ದೋಷವಿದೆ: ಸೆನ್ಸರಿನ ಬ್ಯಾಟರಿ ಮುಗಿದಿರಬಹುದು, ಸೆನ್ಸರ್ ಒಡೆದಿರಬಹುದು, ಅಥವಾ ಗಾಡಿಗೆ ಅದರ ಗುರುತು ಸಿಗದಿರಬಹುದು. ಮೊದಲನೆಯದಕ್ಕೆ ಗಾಳಿ ಹಾಕಬೇಕು. ಎರಡನೆಯದಕ್ಕೆ ಮಾತ್ರ ಮರುಜೋಡಣೆ ಅಥವಾ ಹೊಸ ಸೆನ್ಸರ್ ಬೇಕಾಗುತ್ತದೆ.

ಬಿಡಿ ಚಕ್ರ ಹಾಕಿಕೊಂಡಿದ್ದರೆ ಚಿಂತೆ ಬೇಡ. ಸ್ಟೆಪ್ನಿಯಲ್ಲಿ ಸಾಮಾನ್ಯವಾಗಿ ಸೆನ್ಸರ್ ಇರುವುದಿಲ್ಲ. ಮೂಲ ಚಕ್ರ ಮತ್ತೆ ಹಾಕುವವರೆಗೂ ದೀಪ ಇರುತ್ತದೆ.

ಹಂತ 3: ಮೊದಲು ಕೈಯಲ್ಲಿ ಅಳೆಯಿರಿ

ಯಾವ ಗುಂಡಿ ಒತ್ತುವುದಕ್ಕೂ ಮೊದಲು ಗಾಳಿ ಸರಿಯಿರಬೇಕು. ವಿಶೇಷವಾಗಿ ಪರೋಕ್ಷ ಬಗೆಯಲ್ಲಿ, ‘ಸೆಟ್’ ಒತ್ತಿದ ಕ್ಷಣದ ಸ್ಥಿತಿಯನ್ನೇ ಗಾಡಿ ಸರಿಯೆಂದು ಕಲಿಯುತ್ತದೆ. ನಾಲ್ಕು ಟಯರಿನಲ್ಲೂ ಗಾಳಿ ಕಡಿಮೆಯಿರುವಾಗ ಸೆಟ್ ಮಾಡಿದರೆ ದೀಪವೇನೋ ಆರುತ್ತದೆ, ಅಪಾಯ ಹಾಗೇ ಉಳಿಯುತ್ತದೆ.

ಕೆಲವು ನೂರು ರೂಪಾಯಿಗೆ ಸಿಗುವ ಡಿಜಿಟಲ್ ಗೇಜ್ ಒಂದನ್ನು ಗಾಡಿಯಲ್ಲಿಡಿ. ಬೆಳಿಗ್ಗೆ, ಗಾಡಿ ಹೊರಡುವ ಮುಂಚೆ ಅಳೆಯಿರಿ. ಬೇಕಾದ ಅಂಕಿ ಚಾಲಕನ ಬಾಗಿಲು ತೆರೆದರೆ ಕಂಬದ ಮೇಲಿನ ಚೀಟಿಯಲ್ಲಿರುತ್ತದೆ. ಮನೆಮಂದಿಯೆಲ್ಲ ಕೂತು ಸಾಮಾನು ತುಂಬಿಕೊಂಡು ಹೋಗುವಾಗಿನ ಅಂಕಿ ಅಲ್ಲೇ ಬೇರೆಯಾಗಿ ಕೊಟ್ಟಿದ್ದರೆ ಅದನ್ನೂ ಗಮನಿಸಿ. ಪರದೆ ಬಾರ್ ಅಥವಾ ಕಿಲೊಪ್ಯಾಸ್ಕಲ್‌ನಲ್ಲಿ ತೋರಿಸುತ್ತಿದ್ದರೆ 33 ಪಿಎಸ್‌ಐ ಎಂದರೆ ಸುಮಾರು 2.3 ಬಾರ್ ಅಥವಾ 228 ಕಿಲೊಪ್ಯಾಸ್ಕಲ್.

ಹೆದ್ದಾರಿಯಲ್ಲಿ ಓಡಿದ ಮೇಲೆ ಟಯರ್ ಕಾದು ಒತ್ತಡ ಕೆಲವು ಪಿಎಸ್‌ಐ ಏರುವುದು ಸಹಜ. ಆಗ ಗಾಳಿ ಬಿಡಬೇಡಿ. ತಣಿದ ಮೇಲೆ ಕಡಿಮೆಯಾಗಿಬಿಡುತ್ತದೆ. ಹಬ್ಬಕ್ಕೆ, ತೇರಿಗೆ ಬೆಂಗಳೂರಿನಿಂದ ಊರಿಗೆ ಬರುವವರು ಅಲ್ಲಿ ಹಾಕಿಸಿದ ಗಾಳಿಯನ್ನೇ ನೆಚ್ಚಿಕೊಳ್ಳದೆ, ಬಂದ ಮರುದಿನ ಬೆಳಿಗ್ಗೆ ಇಲ್ಲಿ ಒಮ್ಮೆ ಅಳೆಯಬೇಕು. ಬೆಂಗಳೂರು ಸಮುದ್ರಮಟ್ಟದಿಂದ ಸುಮಾರು 900 ಮೀಟರ್ ಎತ್ತರದಲ್ಲಿದೆ. ಎತ್ತರ ಮತ್ತು ಹವೆ ಎರಡೂ ಗೇಜಿನ ಅಂಕಿಯನ್ನು ಬದಲಿಸುತ್ತವೆ. ಹವೆಯ ಬಿಸಿ ಐದಾರು ಡಿಗ್ರಿ ಇಳಿದರೆ ಒತ್ತಡವೂ ಸುಮಾರು 1 ಪಿಎಸ್‌ಐ ಇಳಿಯುತ್ತದೆ.

ಹಂತ 4: ಪರೋಕ್ಷ ಬಗೆಯನ್ನು ಸೆಟ್ ಮಾಡುವುದು

ನಾಲ್ಕೂ ಟಯರಿಗೆ ಚೀಟಿಯ ಅಂಕಿಯಷ್ಟು ಗಾಳಿ ಹಾಕಿ. ಗಾಡಿ ಸಮತಟ್ಟಾದ ಜಾಗದಲ್ಲಿ ನಿಂತಿರಲಿ. ಇಗ್ನಿಶನ್ ಆನ್ ಮಾಡಿ, ಪರದೆಯ ಮೆನುವಿನಲ್ಲಿ ಗಾಡಿಯ ಸ್ಥಿತಿ ಅಥವಾ ಟಯರ್ ಎಂಬ ವಿಭಾಗಕ್ಕೆ ಹೋಗಿ ‘ಸೆಟ್’ ಆರಿಸಿ, ಖಚಿತಪಡಿಸಿ. ಕೆಲವು ಗಾಡಿಗಳಲ್ಲಿ ಇದಕ್ಕೆ ಬೇರೆ ಗುಂಡಿಯೇ ಇರುತ್ತದೆ. ಅನಂತರ ಬೇರೆಬೇರೆ ವೇಗದಲ್ಲಿ ಸ್ವಲ್ಪ ದೂರ ಓಡಿಸಿದರೆ ಗಾಡಿ ಹೊಸ ಲೆಕ್ಕ ಕಲಿಯುತ್ತದೆ. ಗಾಳಿ ಹಾಕಿದಾಗ, ಟಯರ್ ಬದಲಿಸಿದಾಗ, ಚಕ್ರಗಳ ಜಾಗ ಬದಲಿಸಿದಾಗ ಪ್ರತಿ ಸಲವೂ ಇದನ್ನು ಮಾಡಬೇಕು. ನಾಲ್ಕೂ ಟಯರಿನ ಗಾಳಿ ನಿಧಾನವಾಗಿ ಒಂದೇ ಸಮ ಇಳಿದರೆ ಈ ಬಗೆಗೆ ಸುಲಭವಾಗಿ ತಿಳಿಯುವುದಿಲ್ಲ ಎಂಬುದು ನೆನಪಿರಲಿ.

ಹಂತ 5: ನೇರ ಬಗೆಯನ್ನು ಓಡಿಸಿ ಕಲಿಸುವುದು

ಪ್ರತಿ ಸೆನ್ಸರಿಗೂ ಅದರದೇ ಗುರುತು ಸಂಖ್ಯೆ ಇರುತ್ತದೆ. ಯಾವ ಸಂಖ್ಯೆ ಯಾವ ಚಕ್ರದ್ದು ಎಂಬುದನ್ನು ಗಾಡಿಯ ಕಂಪ್ಯೂಟರ್ ನೆನಪಿಟ್ಟುಕೊಂಡಿರುತ್ತದೆ. ಮರುಜೋಡಣೆ ಎಂದರೆ ಈ ಪಟ್ಟಿಯನ್ನು ಹೊಸದಾಗಿ ಬರೆಯಿಸುವುದು.

ಹಲವು ಗಾಡಿಗಳು ಇದನ್ನು ತಾವೇ ಕಲಿಯುತ್ತವೆ. ಕೈಪಿಡಿಯಲ್ಲಿ ಹಾಗೆ ಹೇಳಿದ್ದರೆ ಹೀಗೆ ಮಾಡಿ: ಗಾಳಿ ಸರಿಮಾಡಿ, ಗಾಡಿಯನ್ನು ಸುಮಾರು 20 ನಿಮಿಷ ನಿಲ್ಲಿಸಿ. ಹಳೆಯ ಸೆನ್ಸರುಗಳಿರುವ ಚಕ್ರಗಳು ಡಿಕ್ಕಿಯಲ್ಲಿದ್ದರೆ ಇಳಿಸಿಬಿಡಿ, ಇಲ್ಲದಿದ್ದರೆ ಸಂಕೇತ ಕಲಸಿಹೋಗುತ್ತದೆ. ನಂತರ ನಿಲ್ಲದೆ 10ರಿಂದ 20 ನಿಮಿಷ ಓಡಿಸಿ. ನಿಂತಿರುವಾಗ ಸೆನ್ಸರುಗಳು ಬ್ಯಾಟರಿ ಉಳಿಸಲು ಮಲಗಿರುತ್ತವೆ. ಚಕ್ರ ತಿರುಗಿ ವೇಗ ಬಂದಾಗ ಎಚ್ಚೆತ್ತು ಮಾತಾಡುತ್ತವೆ. ಇದಕ್ಕೆ ಕುಂದಾಪುರದ ಶಾಸ್ತ್ರಿ ವೃತ್ತದ ಸುತ್ತಲಿನ ಸಂದಣಿಯಾಗಲಿ ಬ್ರಹ್ಮಾವರ ಪೇಟೆಯಾಗಲಿ ಒದಗುವುದಿಲ್ಲ. ಹೆಮ್ಮಾಡಿ ದಾಟಿ ತ್ರಾಸಿ, ಮರವಂತೆ, ನಾವುಂದದ ಕಡೆಗೆ, ಇಲ್ಲವೇ ಕೋಟೇಶ್ವರದಿಂದ ತೆಕ್ಕಟ್ಟೆ, ಕೋಟದ ಕಡೆಗೆ ಹೆದ್ದಾರಿಯಲ್ಲಿ ಒಂದೇ ಹದದ ವೇಗದಲ್ಲಿ ಹೋಗಿಬನ್ನಿ. ಮಳೆ ಜೋರಾಗಿರುವಾಗ ಈ ಕೆಲಸ ಬೇಡ.

ಹಂತ 6: ಉಪಕರಣದಿಂದ ಬರೆಯುವುದು

ಓಡಿಸಿದರೂ ಕಲಿಯದ ಗಾಡಿಗಳಿಗೆ ಸೆನ್ಸರ್ ಉಪಕರಣ ಬೇಕು. ಆಟೆಲ್‌ನಂಥ ಕಂಪನಿಗಳ ಕೈಯಲ್ಲಿ ಹಿಡಿಯುವ ಉಪಕರಣಗಳು ಆನ್‌ಲೈನ್‌ನಲ್ಲಿ ಸಿಗುತ್ತವೆ. ಒಂದೇ ಗಾಡಿಗೆಂದು ಕೊಳ್ಳುವುದು ದುಬಾರಿ. ನಾಲ್ಕಾರು ಗೆಳೆಯರು ಸೇರಿ ಕೊಂಡರೆ ಅಥವಾ ಟಯರ್ ಅಂಗಡಿಯಲ್ಲಿ ಇದ್ದರೆ ಸಾಕು. ನಿಮ್ಮ ಗಾಡಿಯ ಭಾರತೀಯ ಮಾದರಿ ಅದರ ಪಟ್ಟಿಯಲ್ಲಿದೆಯೇ ಎಂದು ಮೊದಲೇ ನೋಡಿ.

ಇಗ್ನಿಶನ್ ಆನ್ ಮಾಡಿ, ಎಂಜಿನ್ ಬೇಡ. ಉಪಕರಣದಲ್ಲಿ ಗಾಡಿಯ ಕಂಪನಿ, ಮಾದರಿ, ವರ್ಷ ಆರಿಸಿ. ಎಡ ಮುಂಚಕ್ರದ ವಾಲ್ವಿನ ಪಕ್ಕ, ಟಯರಿನ ಪಕ್ಕೆಗೆ ತಾಗಿಸಿ ಹಿಡಿದು ಗುಂಡಿ ಒತ್ತಿ. ಸೆನ್ಸರಿನ ಸಂಖ್ಯೆ, ಒತ್ತಡ, ಬ್ಯಾಟರಿಯ ಸ್ಥಿತಿ ಪರದೆಗೆ ಬರುತ್ತದೆ. ಉಪಕರಣ ಹೇಳಿದ ಕ್ರಮದಲ್ಲೇ ಉಳಿದ ಮೂರು ಚಕ್ರಗಳನ್ನೂ ಮುಗಿಸಿ. ಆಮೇಲೆ ಸ್ಟೇರಿಂಗಿನ ಕೆಳಗಿರುವ, ಗಾಡಿಯ ಕಂಪ್ಯೂಟರಿಗೆ ಸಂಪರ್ಕ ಕೊಡುವ ಒಬಿಡಿ ಪೋರ್ಟಿಗೆ ಉಪಕರಣ ಜೋಡಿಸಿ ಸಂಖ್ಯೆಗಳನ್ನು ಬರೆಯಿಸಿ. ಬರೆಯುವಾಗ ಮಧ್ಯೆ ಕೇಬಲ್ ಕೀಳಬೇಡಿ, ಗಾಡಿಯ ಬ್ಯಾಟರಿ ದುರ್ಬಲವಿದ್ದರೆ ಈ ಕೆಲಸಕ್ಕೆ ಕೈಹಾಕಬೇಡಿ. ಅಗ್ಗದ ಒಬಿಡಿ ಅಡಾಪ್ಟರ್ ಮತ್ತು ಯಾವುದೋ ಆ್ಯಪ್ ಹಿಡಿದು ಗಾಡಿಯ ಬೇರೆ ಸೆಟ್ಟಿಂಗುಗಳನ್ನು ಮುಟ್ಟಲೇಬಾರದು.

ಹೊಸ ಸೆನ್ಸರ್ ಹಾಕುವುದಾದರೆ ಇನ್ನೊಂದು ಸುಲಭದ ದಾರಿಯಿದೆ. ಹಳೆಯ ಸೆನ್ಸರ್ ಇನ್ನೂ ಮಾತಾಡುತ್ತಿದ್ದರೆ ಅದರ ಸಂಖ್ಯೆಯನ್ನು ಓದಿ, ಪ್ರೋಗ್ರಾಂ ಮಾಡಬಹುದಾದ ಹೊಸ ಸೆನ್ಸರಿಗೆ ಅದನ್ನೇ ನಕಲು ಮಾಡಬಹುದು. ಗಾಡಿಗೆ ಬದಲಾವಣೆ ಆದದ್ದೇ ತಿಳಿಯುವುದಿಲ್ಲ, ಹೊಸದಾಗಿ ಕಲಿಸಬೇಕಾಗಿಯೂ ಇಲ್ಲ.

ಹಂತ 7: ಹೊಸ ಸೆನ್ಸರ್ ಕೊಳ್ಳುವಾಗ, ಹಾಕಿಸುವಾಗ

ಸೆನ್ಸರಿನ ಬ್ಯಾಟರಿ ಸಾಮಾನ್ಯವಾಗಿ 5ರಿಂದ 10 ವರ್ಷ ಬಾಳುತ್ತದೆ. ಅದನ್ನು ಒಳಗೇ ಮುಚ್ಚಿಟ್ಟಿರುವುದರಿಂದ ಬ್ಯಾಟರಿ ಮುಗಿದರೆ ಸೆನ್ಸರನ್ನೇ ಬದಲಿಸಬೇಕು. ಭಾರತದ ಗಾಡಿಗಳ ಸೆನ್ಸರುಗಳು ಸಾಮಾನ್ಯವಾಗಿ 433 ಮೆಗಾಹರ್ಟ್ಸ್‌ನಲ್ಲಿ ಕೆಲಸ ಮಾಡುತ್ತವೆ. ಅಮೆರಿಕದ ಅನೇಕ ಗಾಡಿಗಳದ್ದು 315. ದುಬೈಯಿಂದಲೋ ಅಮೆರಿಕದಿಂದಲೋ ಮನೆಯವರು ಸೆನ್ಸರ್ ತಂದುಕೊಡುವುದು ನಮ್ಮ ಕಡೆ ಸಾಮಾನ್ಯ. ಅವರಿಗೆ ಈ ಅಂಕಿಯನ್ನು ಮೊದಲೇ ಹೇಳಿ. ಆವರ್ತನ ಹೊಂದದಿದ್ದರೆ ಯಾವ ಪ್ರೋಗ್ರಾಂನಿಂದಲೂ ಅದು ಮಾತಾಡದು.

ರಿಮ್ಮಿನಿಂದ ಟಯರ್ ಬಿಡಿಸುವ ಕೆಲಸ ಮನೆಯದ್ದಲ್ಲ, ಅದನ್ನು ಅಂಗಡಿಗೆ ಬಿಡಿ. ಆದರೆ ಎರಡು ಕೆಲಸ ನಿಮ್ಮದು. ಒಂದು, ಸೆನ್ಸರಿನ ಮೇಲಿರುವ ಸಂಖ್ಯೆಯ ಫೋಟೊ ತೆಗೆದು ಯಾವ ಚಕ್ರದ್ದೆಂದು ಬರೆದಿಡಿ. ಟಯರ್ ಕೂತ ಮೇಲೆ ಅದು ಕಾಣುವುದಿಲ್ಲ. ಎರಡು, ಪಂಕ್ಚರ್‌ಗೆ ಹೋದಾಗಲೂ ಅಂಗಡಿಯವರಿಗೆ ಬಾಯಿಬಿಟ್ಟು ಹೇಳಿ: ‘ವಾಲ್ವ್ ಹತ್ರ ಸೆನ್ಸರ್ ಇತ್ತ್ ಮಾರ್ರೆ, ನೋಡ್ಕಂಡ್ ಬಿಚ್ಚಿ.’ ಟಯರ್ ಬಿಡಿಸುವ ಯಂತ್ರದ ಒತ್ತು ವಾಲ್ವಿನ ಮೇಲೆ ಬಿದ್ದರೆ ಸೆನ್ಸರ್ ಒಡೆಯುತ್ತದೆ. ಪಂಕ್ಚರ್‌ಗೆ ಹಾಕುವ ದ್ರವ ಸೆನ್ಸರಿನ ಕಿಂಡಿಯನ್ನು ಮುಚ್ಚಬಲ್ಲದು. ಸೆನ್ಸರಿಗೆ ತೊಂದರೆಯಿಲ್ಲ ಎಂದು ಡಬ್ಬಿಯ ಮೇಲೆ ಬರೆದಿರುವುದನ್ನೇ ಬಳಸಿ.

ಹಂತ 8: ಉಪ್ಪುಗಾಳಿಯಿಂದ ವಾಲ್ವ್ ಕಾಪಾಡುವುದು

ಕರಾವಳಿಯವರು ಇದನ್ನು ವಿಶೇಷವಾಗಿ ಗಮನಿಸಬೇಕು. ಕೆಲವು ಸೆನ್ಸರುಗಳ ವಾಲ್ವ್ ಅಲ್ಯುಮಿನಿಯಂನದ್ದು. ಅದಕ್ಕೆ ಸಾದಾ ಹಿತ್ತಾಳೆಯ ಪಿನ್ ಅಥವಾ ಲೋಹದ ಮುಚ್ಚಳ ಹಾಕಿ ಉಪ್ಪುನೀರು ತಾಗಿದರೆ, ಎರಡು ಲೋಹಗಳ ನಡುವೆ ವಿದ್ಯುತ್ ಹರಿದು ಅಲ್ಯುಮಿನಿಯಂ ತಿಂದುಹೋಗುತ್ತದೆ. ಮರವಂತೆ, ಸೋಮೇಶ್ವರ, ಕೋಡಿಯಂಥ ಕಡಲಬದಿಯಲ್ಲಿ ದಿನಾ ಓಡಾಡುವ ಗಾಡಿಗಳಿಗೆ ಈ ಅಪಾಯ ಹೆಚ್ಚು. ನಿಕ್ಕಲ್ ಲೇಪನದ ಪಿನ್ ಮತ್ತು ಪ್ಲಾಸ್ಟಿಕ್ ಮುಚ್ಚಳವನ್ನೇ ಬಳಸಿ. ತಿಂಗಳಿಗೊಮ್ಮೆ ಮುಚ್ಚಳ ತಿರುಗಿಸಿ, ಒರೆಸಿ, ಮತ್ತೆ ಹಾಕಿ. ಬಿಗಿದು ಕಚ್ಚಿಕೊಂಡಿದ್ದರೆ ಇಕ್ಕಳ ಹಾಕಿ ಎಳೆಯಬೇಡಿ. ವಾಲ್ವ್ ಮುರಿದು ಟಯರ್ ಅಲ್ಲೇ ಚಪ್ಪಟೆಯಾಗುತ್ತದೆ. ರಬ್ಬರ್ ವಾಲ್ವ್ ಆದರೆ ಹೊಸ ಟಯರ್ ಹಾಕಿಸುವಾಗಲೇ ಅದನ್ನೂ ಬದಲಿಸಿ.

ಹಂತ 9: ಸರಿಯಾಯಿತೇ? ಪರೀಕ್ಷಿಸಿ

ನೇರ ಬಗೆಯಾದರೆ ಒಂದು ಚಕ್ರದಿಂದ 3 ಪಿಎಸ್‌ಐನಷ್ಟು ಗಾಳಿ ಬಿಡಿ. ಮನೆಯ ಹತ್ತಿರವೇ ನಿಧಾನವಾಗಿ ಸ್ವಲ್ಪ ಓಡಿಸಿ, ಅಂಕಿ ಇಳಿದದ್ದು ಅದೇ ಚಕ್ರದ್ದೇ ಎಂದು ನೋಡಿ. ಬೇರೆ ಚಕ್ರದ ಅಂಕಿ ಇಳಿದರೆ ಜಾಗಗಳು ಅದಲುಬದಲಾಗಿವೆ. ಮರುಜೋಡಣೆಯನ್ನು ಮತ್ತೆ ಮಾಡಬೇಕು. ಪರೀಕ್ಷೆ ಮುಗಿದ ಕೂಡಲೇ ಗಾಳಿ ತುಂಬಿಸಿ.

ಸೆನ್ಸರೇ ಇಲ್ಲದ ಹಳೆಯ ಗಾಡಿಗಳಿಗೂ ವಾಲ್ವಿನ ಮೇಲೆ ತಿರುಪುವ ಸೆನ್ಸರ್ ಮತ್ತು ಪುಟ್ಟ ಪರದೆಯ ಸೆಟ್ ಸಿಗುತ್ತದೆ. ಹೊರಗಿರುವುದರಿಂದ ಕೆಸರುದಾರಿಯಲ್ಲಿ ಕಲ್ಲು ತಾಗಿ ಒಡೆಯಬಹುದು, ಹಳೆಯ ರಬ್ಬರ್ ವಾಲ್ವಿಗೆ ಭಾರವೂ ಆಗುತ್ತದೆ. ಹಾಕುವ ಮುಂಚೆ ವಾಲ್ವ್ ಗಟ್ಟಿಯಿದೆಯೇ ನೋಡಿ.

ಯಾವಾಗ ವರ್ಕ್‌ಶಾಪಿಗೆ ಹೋಗಬೇಕು?

ಗಾಳಿ ಸರಿಯಿದ್ದು, ಓಡಿಸಿ ಕಲಿಸಿದರೂ ದೀಪ ಮಿಟುಕುತ್ತಿದ್ದರೆ; ಉಪಕರಣಕ್ಕೆ ಯಾವುದಾದರೂ ಸೆನ್ಸರ್ ಉತ್ತರಿಸದಿದ್ದರೆ; ಎಬಿಎಸ್ ದೀಪವೂ ಜೊತೆಗೆ ಹೊತ್ತಿದ್ದರೆ; ಗಾಡಿ ವಾರಂಟಿಯಲ್ಲಿದ್ದರೆ ಅಧಿಕೃತ ವರ್ಕ್‌ಶಾಪಿಗೇ ಒಯ್ಯಿರಿ. ಒಂದೇ ಟಯರಿನ ಗಾಳಿ ಮತ್ತೆ ಮತ್ತೆ ಇಳಿಯುತ್ತಿದ್ದರೆ ಅದು ಸೆನ್ಸರಿನ ದೋಷವಲ್ಲ, ಸೋರಿಕೆ. ಅದನ್ನು ಅದೇ ದಿನ ತೋರಿಸಿ.

ಉಳಿದಂತೆ ತಿಂಗಳಿಗೊಮ್ಮೆ ಬೆಳಿಗ್ಗೆ ಗೇಜ್ ಹಿಡಿದು ನಾಲ್ಕೂ ಟಯರ್ ಅಳೆಯಿರಿ, ಪರದೆಯ ಅಂಕಿಯೊಡನೆ ಹೋಲಿಸಿ. ಘಾಟಿ ಹತ್ತುವ ಹಿಂದಿನ ದಿನ ಮತ್ತು ಮಳೆಗಾಲ ಶುರುವಾಗುವ ಮುಂಚೆ ತಪ್ಪದೆ ನೋಡಿ. ಹಲವು ಗಾಡಿಗಳಲ್ಲಿ ಒತ್ತಡ ನಾಲ್ಕನೇ ಒಂದು ಭಾಗದಷ್ಟು ಕುಸಿಯುವ ಹೊತ್ತಿಗಷ್ಟೇ ದೀಪ ಎಚ್ಚರಿಸುತ್ತದೆ. ಅಷ್ಟು ಇಳಿಯುವವರೆಗೆ ಬಿಡದಿರುವುದು ಗಾಡಿ ಓಡಿಸುವವರ ಜವಾಬ್ದಾರಿ.